ಬಾಟಲಿಯ ಮೇಲಿನ ಅತ್ತೆ

‘ಆಯ್ತಾ?’ ಎಂದು ಯಾರಾದರೂ ಕೇಳಿದರೆ ನಮ್ಮ ಸೋದರತ್ತೆಗೆ ಮೈಯೆಲ್ಲ ಉರಿದುಹೋಗುತ್ತಿತ್ತು. ಒಲೆಯ ಮೇಲೆ ತೆರಿಯಾಕಿ ಎಂಬ ಜಪಾನಿ ಸಾಸ್ ಕುದಿಯುತ್ತಿರುವಾಗಲಂತೂ ಆ ಎರಡಕ್ಷರ ಅವಳ ಪಾಲಿಗೆ ಬೈಗುಳಕ್ಕೆ ಸಮ. “ಆಗೋವಾಗ ಆಗುತ್ತೆ, ನೀನು ಆಚೆ ನಡಿ, ತಿಳೀತಾ?” ಎಂದು ಸೌಟು ಎತ್ತಿದಳೆಂದರೆ, ಅವಳ ಸ್ವಂತ ತಮ್ಮ, ಅಂದರೆ ನನ್ನ ಅಪ್ಪ, ಊರಿಗೇ ಬುದ್ಧಿ ಹೇಳುವ ಮಾತಿನಮಲ್ಲ, ಬಾಲ ಮುದುರಿಕೊಂಡು ಹೊಸ್ತಿಲು ದಾಟುತ್ತಿದ್ದ.

ಕಚೇರಿಗಳ ಸಾಲಿನ ಕೆಳಗೆ, ನಾಲ್ಕಾರು ಮೇಜುಗಳ ಪುಟ್ಟ ಊಟದಂಗಡಿ ಅವಳದು. ಬೀದಿಯಲ್ಲಿ ಬರಿಗೈಯಲ್ಲಿ ನಡೆಯುವಾಗಲೂ ಮೊಣಕೈಗಳನ್ನು ಹೊರಚಾಚಿ, ಕಾದ ಪಾತ್ರೆ ಹಿಡಿದು ಬರುತ್ತಿರುವವಳಂತೆ ಜನರನ್ನು ಸರಿಸುತ್ತ ಬರುತ್ತಿದ್ದಳು. ಮೈಮೇಲೆ ಸದಾ ಗತಿಸಿದ ಗಂಡನ ಕಂದು ಕೋಟು. ಸೋಯಾ ಸಾಸಿನ ಕಲೆಗಳನ್ನು ಹೊಟ್ಟೆಗೆ ಹಾಕಿಕೊಳ್ಳುವ ಔದಾರ್ಯ ಬೇರಾವ ಬಟ್ಟೆಗೂ ಇಲ್ಲವೆಂಬುದು ಅವಳ ಅಂಬೋಣ.

ಅವಳ ಸಾಸಿನಲ್ಲಿ ಗುಟ್ಟೆಂಬುದೇನೂ ಇರಲಿಲ್ಲ. ಸೋಯಾ ಸಾಸ್, ಸಕ್ಕರೆ, ಅಕ್ಕಿಯ ವಿನೆಗರ್, ಜಜ್ಜಿದ ಶುಂಠಿ, ಬೆಳ್ಳುಳ್ಳಿ, ಸಣ್ಣ ಉರಿ. ಆದರೆ ಅದು ಬಿಸಿಯಿರುವಷ್ಟು ಹೊತ್ತೂ ತೆಳ್ಳಗೇ ಕಾಣುತ್ತದೆ. ಆರಿದ ಮೇಲಷ್ಟೇ ಗಟ್ಟಿಯಾಗಿ, ಚಮಚದ ಬೆನ್ನಿಗೆ ಹೊಳಪಾಗಿ ಹತ್ತಿಕೊಳ್ಳುತ್ತದೆ. ಅವಸರದವರು ಎಡವುವುದು ಇಲ್ಲೇ: ತೆಳ್ಳಗೆ ಕಂಡ ಕೂಡಲೇ ಗಾಬರಿಬಿದ್ದು ಕಾರ್ನ್‌ಫ್ಲೋರ್ ಕದಡಿ ಸುರಿಯುತ್ತಾರೆ. “ಅದು ಗೋಡೆಗೆ ಕಾಗದ ಅಂಟಿಸೋಕೆ ಸರಿ, ತಿನ್ನೋಕಲ್ಲ, ತಿಳೀತಾ?” ಎನ್ನುತ್ತಿದ್ದಳು ಅತ್ತೆ. ‘ತಿಳೀತಾ’ ಇಲ್ಲದೆ ಅವಳ ಯಾವ ವಾಕ್ಯವೂ ಮುಗಿಯುತ್ತಿರಲಿಲ್ಲ.

ಅದನ್ನು ಬಾಟಲಿಗೆ ತುಂಬಿ ಮಾರೋಣವೆಂದು ಹಟ ಹಿಡಿದವನು ಅಪ್ಪ. ತಾನು ಕುದಿಸಿದ್ದನ್ನೇ ತುಂಬಬೇಕೆಂಬ ಒಂದೇ ಮಾತಿನ ಮೇಲೆ ಅತ್ತೆ ಒಪ್ಪಿ, ಬಾಟಲಿಯ ಮೇಲೆ ಅಂಟಿಸುವ ಫೋಟೋಕ್ಕೂ ಮುಖ ಗಂಟಿಕ್ಕಿಕೊಂಡೇ ಕೂತಳು. ಬಾಟಲಿಗಳು ಖರ್ಚಾಗತೊಡಗಿದ್ದೇ ತಡ, ಅಪ್ಪ ಅವಳಿಗೆ ತಿಳಿಸದೆ ಒಂದು ಶೆಡ್ಡು ಹಿಡಿದು, ಆಳುಗಳಿಂದ ಕುದಿಸಿ, ಆರಲು ಬಿಡುವಷ್ಟೂ ತಾಳ್ಮೆಯಿಲ್ಲದೆ, ಅದೇ ಕಾರ್ನ್‌ಫ್ಲೋರ್ ಸುರಿಸಿದ. ಹೊರಗೆ ಮಾತ್ರ ಅತ್ತೆಯ ಮುಖ, ಅದರ ಕೆಳಗೆ ‘ಅಕ್ಕನ ಕೈರುಚಿ’!

ಒಂದು ಮಧ್ಯಾಹ್ನ ಹಳೆಯ ಗಿರಾಕಿಯೊಬ್ಬರು ಊಟದ ಮೇಜಿನ ಮೇಲೆ ಅಂಥದೊಂದು ಬಾಟಲಿಯಿಟ್ಟು, “ಏನಮ್ಮಾ, ನಿಮ್ಮ ಕೈ ಕೆಟ್ಟುಹೋಯ್ತಾ?” ಎಂದು ಮರುಕದಿಂದ ಕೇಳಿದರು. ಅತ್ತೆ ತಟ್ಟೆಗೆ ಸುರಿದಳು. ಮುದ್ದೆ ಮುದ್ದೆಯಾಗಿ ಬಿತ್ತು. ಜೀವಮಾನವೆಲ್ಲ ಒಲೆಯ ಮುಂದೆ ನಿಂತು ಗಳಿಸಿದ್ದನ್ನು ಒಡಹುಟ್ಟಿದವನೇ ಹಿಟ್ಟಿನಲ್ಲಿ ಕಲಸಿಬಿಟ್ಟಿದ್ದ. ಆ ತಟ್ಟೆ ನೆನೆದರೆ ನನಗೆ ಇವತ್ತಿಗೂ ರಕ್ತ ಕುದಿಯುತ್ತದೆ.

ಅಪ್ಪನಿಗೆ ನಾಚಿಕೆಯೂ ಆಗಲಿಲ್ಲ. “ಅಕ್ಕಾ, ಹೆಸರು ನಿಂದೇ, ಮುಖ ನಿಂದೇ. ಇನ್ನೇನು ಬೇಕು ನಿಂಗೆ?”

“ಒಳಗಿರೋದು” ಎಂದಳು ಅತ್ತೆ. ಅಷ್ಟೇ. ಆಮೇಲೆ ಅವನೊಂದಿಗೆ ಮಾತಿಲ್ಲ.

ಮರುದಿನ ನನ್ನನ್ನು ಕರೆದುಕೊಂಡು ದೊಡ್ಡ ಅಂಗಡಿಗೆ ಹೋದಳು. ಆ ಬಾಟಲಿಗಳ ಶೆಲ್ಫಿನ ಮುಂದೆ ನಿಂತು, ಒಂದೊಂದೇ ಬಾಟಲಿಯನ್ನು ತಿರುಗಿಸಿ, ತನ್ನ ಮುಖ ಗೋಡೆಯ ಕಡೆಗಾಗುವಂತೆ ಇಟ್ಟಳು. ಅಂಗಡಿಯವನು ಓಡಿಬಂದು, “ಏನ್ರೀ ಇದು? ಯಾರು ನೀವು?” ಎಂದು ರೇಗಿದ. ಬಾಟಲಿಯ ಮೇಲಿರುವವಳೇ ಎದುರು ನಿಂತಿದ್ದಾಳೆಂದು ಅವನಿಗೆ ಹೊಳೆಯಲೇ ಇಲ್ಲ. ಅತ್ತೆ ಉಳಿದವನ್ನೂ ತಿರುಗಿಸಿ ಮುಗಿಸಿಯೇ ಹೊರಬಂದಳು.

ಇಂಥವರನ್ನು ಹಟಮಾರಿಗಳು, ಕಾಲ ತಿಳಿಯದವರು ಎಂದು ಕರೆದು ಲೋಕ ಕೈತೊಳೆದುಕೊಳ್ಳುತ್ತದೆ. ಅವರ ಹೆಸರು ಬೇಕು, ಫೋಟೋ ಬೇಕು, ಕೈಗುಣದ ಮೇಲೆ ಜನ ಇಟ್ಟ ನಂಬಿಕೆಯೂ ಬೇಕು. ಸಣ್ಣ ಉರಿಯ ಮುಂದೆ ಅವರು ನಿಂತಷ್ಟು ಹೊತ್ತು ನಿಲ್ಲುವುದು ಮಾತ್ರ ಯಾರಿಗೂ ಬೇಡ.