ಮೂರು ಗೀರು, ಒಂದು ಚುಕ್ಕೆ

ಮಗ ಜಾಡಿಯನ್ನು ಓರೆಯಾಗಿ ಹಿಡಿದ, ತಾಯಿ ಬಟ್ಟೆಯ ಚೀಲದಿಂದ ಅದರೊಳಗೆ ಬೂದಿ ಸುರಿದರು. ಒಂದಿಷ್ಟು ಮೇಜಿನ ಮೇಲೆ ಚೆಲ್ಲಿತು. ಅದನ್ನೂ ಅಂಗೈಯಿಂದ ಬಳಿದು ಒಳಗೆ ಹಾಕಿದರು.

"ಇದೇ ಆಗ್ಬೇಕಾ ಅಮ್ಮಾ? ಸ್ಟೀಲ್ ಡಬ್ಬಿ ಇತ್ತಲ್ಲ."

"ಸ್ಟೀಲ್ ಡಬ್ಬೀಲಿ ಹಾಕಿದ್ರೆ ನಿಮ್ಮಪ್ಪ ಎದ್ದು ಬಂದು ಜಗಳ ಆಡ್ತಾರೆ. ಹೇಗೂ ಇದು ಯಾರಿಗೂ ಬೇಡದ ಜಾಡಿ."

ಮಾತು ಸುಳ್ಳಲ್ಲ. ಕಂದು ಬಣ್ಣದ ಡೊಳ್ಳುಹೊಟ್ಟೆಯ ಜಾಡಿ, ಬುಡದಲ್ಲಿ ಮೂರು ಗೀರು, ಒಂದು ಚುಕ್ಕೆ. ಮಾಡಿದವರು ಯಾರೆಂದು ತಿಳಿಯದ ಜಾಡಿಯನ್ನು ಹರಾಜಿನಲ್ಲಿ ಮೂಸಿ ನೋಡುವವರೂ ಇರಲಿಲ್ಲ. ಸಂಜೆ ಅದನ್ನು ಸ್ಮಶಾನದ ಗೋಡೆ ಪಕ್ಕ ಹೂಳುವುದೆಂದು ತೀರ್ಮಾನವಾಗಿತ್ತು.

ಬಾಗಿಲ ಬಳಿ ನೆಂಟರ ನಡುವೆ ಕೂತಿದ್ದ ಹಳೇ ಸಾಮಾನಿನ ಅಂಗಡಿಯವರು, ತೀರಿಕೊಂಡವರ ಬಹುಕಾಲದ ಗೆಳೆಯ, ಆ ಜಾಡಿಯಿಂದ ಕಣ್ಣು ಕೀಳಲಿಲ್ಲ. ಕೊಟ್ಟ ಚಹಾ ಕೈಯಲ್ಲೇ ಆರುತ್ತಿತ್ತು.

*

ಹರಾಜು ಮನೆಯಲ್ಲಿ ಹಳೆಯ ಪಿಂಗಾಣಿಯ ಬುಡ ನೋಡಿ, ಯಾರು ಮಾಡಿದ್ದು, ಯಾವ ಕಾಲದ್ದು ಎಂದು ಹೇಳುವುದು ತೀರಿಕೊಂಡವರ ಕೆಲಸ. ನೆಂಟರ ಮಕ್ಕಳಿಗೆಲ್ಲ ಅವರು 'ಬುಡ ನೋಡೋ ಮಾವ'. ಮದುವೆ ಮನೆಯಲ್ಲೂ ತಟ್ಟೆ ಎತ್ತಿ ತಳ ನೋಡುವರು. ತಟ್ಟೆಯಲ್ಲಿ ಊಟ ಇದೆಯೆಂಬ ಪರಿವೆಯೂ ಇರುತ್ತಿರಲಿಲ್ಲ. ಹೆಂಡತಿ ಮೇಜಿನ ಕೆಳಗೆ ಅವರ ಕಾಲು ತುಳಿಯುತ್ತಿದ್ದರು.

ಗೆಳೆಯರಿಬ್ಬರಿಗೂ ಈ ಜಾಡಿಯೊಂದರ ವಿಷಯದಲ್ಲಿ ಮಾತ್ರ ಎಣ್ಣೆ ಸೀಗೆಕಾಯಿ.

"ಇದು ಕುಂಬಾರನ ಸ್ವಂತ ಗುರುತು ಕಣೋ. ಹಸಿ ಮಣ್ಣಲ್ಲೇ ಗೀರಿದ್ದಾನೆ, ಅಂಚು ಎದ್ದಿದೆ ನೋಡು."

"ಗುರುತೂ ಇಲ್ಲ, ಗಿರುತೂ ಇಲ್ಲ. ಯಾವನೋ ಆಳು ಲೆಕ್ಕಕ್ಕೆ ಗೀರಿದ್ದು. ಇಂಥದ್ದೇ ಇನ್ನೊಂದು ತೋರಿಸು, ಒಪ್ಕೋತೀನಿ," ಎನ್ನುವರು ಅಂಗಡಿಯವರು.

ಇನ್ನೊಂದು ಸಿಗಲಿಲ್ಲ. ವರ್ಷಗಟ್ಟಲೆ ಅದೇ ಜಗಳ ನಡೆಯಿತು. ಕಳೆದ ತಿಂಗಳು ಹೊಳೆಯ ದಂಡೆಯಲ್ಲಿ ಚರಂಡಿಗೆಂದು ಅಗೆದಾಗ ಮಡಕೆ ಸುಡುವ ಹಳೆಯ ಆವಿಗೆಯೊಂದು ಸಿಕ್ಕಿತು. ಅಂಗಡಿಯವರು ನೋಡಲು ಹೋದರು. ಒಡೆದ ಜಾಡಿಗಳ ರಾಶಿ. ಪ್ರತಿ ಬುಡದಲ್ಲೂ ಮೂರು ಗೀರು, ಒಂದು ಚುಕ್ಕೆ. ಆವಿಗೆಯ ಇಟ್ಟಿಗೆಗಳ ಮೇಲೂ ಅದೇ. ಆಳಿನ ಲೆಕ್ಕ ಇಟ್ಟಿಗೆಯ ಮೇಲೇಕೆ ಬರುತ್ತದೆ?

ಅಂದೇ ಹೋಗಿ ಸೋತೆ ಎನ್ನಬೇಕಿತ್ತು. ಗೆಳೆಯನ ಗೆದ್ದ ಮುಖ ನೆನೆದೇ ಮೈ ಉರಿಯಿತು. ಇವತ್ತು ನಾಳೆ ಎಂದು ದಿನ ದೂಡಿದರು. ನಿನ್ನೆ ಬೆಳಗ್ಗೆ ಸಾವಿನ ಸುದ್ದಿ ಬಂತು.

*

ಈಗ ಹೇಳಿದರೂ ಕಷ್ಟ. ಮಾಡಿದವನ ಸುಳಿವು ಸಿಕ್ಕಿದೆಯೆಂದರೆ ಜಾಡಿಗೆ ಬೆಲೆ ಬರುತ್ತದೆ. ಮಗ ಬೂದಿಯನ್ನು ಸ್ಟೀಲ್ ಡಬ್ಬಿಗೆ ಸುರಿದು ಜಾಡಿಯನ್ನು ಹರಾಜಿಗೆ ಒಯ್ದಾನು. ಹೇಳದಿದ್ದರೆ ಗೆಳೆಯ ಸೋತವನಾಗಿಯೇ ಮಣ್ಣಿಗೆ ಹೋಗುತ್ತಾನೆ.

ಮಗ ದಾರ ತರಲು ಒಳಗೆ ಹೋದ. ಅಂಗಡಿಯವರು ಎದ್ದು ಬಂದು, ಬಾಗಿ, ಜಾಡಿಯ ಬಾಯಿಗೆ ಬಾಯಿ ಹತ್ತಿರ ತಂದು ಪಿಸುಗುಟ್ಟಿದರು.

"ಜೋರಾಗಿ ಹೇಳಿ ಅಣ್ಣ," ಎಂದರು ಗೆಳೆಯನ ಹೆಂಡತಿ. "ಅವರಿಗೆ ಕಿವಿ ಮಂದ ಆಗಿತ್ತಲ್ಲ."

"ಬೇಡಮ್ಮ. ಜೋರಾಗಿ ಹೇಳಿದ್ರೆ ಈ ಜಾಡಿ ಹರಾಜಿಗೆ ಹೋದೀತು."

"ಅದನ್ನ ನಾನು ನೋಡ್ಕೋತೀನಿ. ನೀವು ಹೇಳಿ."

ಮಗ ದಾರ ಹಿಡಿದು ಬಾಗಿಲಲ್ಲಿ ನಿಂತಿದ್ದ. ಅಂಗಡಿಯವರು ಮತ್ತೆ ಜಾಡಿಯತ್ತ ಬಾಗಿದರು.

"ನೀನೇ ಗೆದ್ದೆ ಕಣೋ! ಅದು ಕುಂಬಾರನ ಗುರುತೇ. ಅವನ ಆವಿಗೇನೇ ಸಿಕ್ಕಿದೆ. ಕೇಳಿಸ್ತಾ? ನೀನೇ ಗೆದ್ದೆ!"

ಕೋಣೆಯಲ್ಲಿದ್ದವರೆಲ್ಲ ತಿರುಗಿ ನೋಡಿದರು. ಅಂಗಡಿಯವರು ಮೇಜು ಹಿಡಿದುಕೊಂಡು ಅತ್ತುಬಿಟ್ಟರು.

"ಅಮ್ಮಾ, ಅಂದ್ರೆ ಈ ಜಾಡಿಗೆ ಈಗ..." ಎಂದ ಮಗ.

"ದಾರ ಕೊಡು."

ತಾಯಿ ಜಾಡಿಯ ಬಾಯಿಗೆ ಬಿಳಿ ಬಟ್ಟೆ ಹೊದಿಸಿ, ಕುತ್ತಿಗೆಗೆ ದಾರ ಸುತ್ತಿ, ಮೊದಲ ಗಂಟು ಹಾಕಿದರು. ಗಂಟು ಸಡಿಲವಾಯಿತು. ಮತ್ತೆ ಹಾಕಿದರು, ಮತ್ತೆ ಸಡಿಲವಾಯಿತು. ಮಗ ಹತ್ತಿರ ಬಂದು, ಅವರು ಬಿಗಿದು ಎಳೆಯುವಂತೆ ಗಂಟಿನ ಮೇಲೆ ತನ್ನ ಬೆರಳೊತ್ತಿ ಹಿಡಿದ.