ಎರಡು ದನಿಯ ಪುಸ್ತಕ

ಬಾಗಿಲು ಬಡಿದದ್ದು ಕೈಯಿಂದಲ್ಲ, ತಲೆಯಿಂದ. ಒಂದು ಕೈ ಮುರಿದು ಜೋತಾಡುತ್ತಿತ್ತು, ಇನ್ನೊಂದು ಕೈಯಲ್ಲಿ ಮಗು. ಮತ್ತೆ ಯಾವುದರಿಂದ ಬಡಿಯಬೇಕು ಆ ತಾಯಿ?

ಅವತ್ತು ಶಾಲೆಗೆ ರಜೆ. ಶಾಲೆಯ ಹಿಂಭಾಗದ ಪುಸ್ತಕದ ಕೋಣೆಯಲ್ಲಿ ಟೀಚರು ಒಬ್ಬರೇ ಕೂತು, ಮಡಿಚಿದ ಹಾಳೆಗಳಿಗೆ ದಬ್ಬಣದಿಂದ ತೂತು ಹಾಕಿ ದಾರ ಪೋಣಿಸುತ್ತಿದ್ದರು. ಸದ್ದು ಕೇಳಿ ಬಾಗಿಲು ತೆಗೆದರೆ, ಹೆಂಗಸು ಒಳಗೆ ಬಂದಳು ಅನ್ನುವುದಕ್ಕಿಂತ ಒಳಗೆ ಬಿದ್ದಳು ಅನ್ನಬೇಕು. ಕಿವಿಯಿಂದ ಇಳಿದ ರಕ್ತ ಹೆಗಲ ಬಟ್ಟೆಯನ್ನು ತೋಯಿಸಿತ್ತು.

"ಅಕ್ಕ, ಇವಳನ್ನ ಇಟ್ಕೊಳ್ಳಿ. ಇವಳಪ್ಪ ಕಬ್ಬಿಣ ಹಿಡ್ಕೊಂಡು ಬರ್ತಿದ್ದಾನೆ. ಮೊದ್ಲು ಮಗಳನ್ನ ಮುಗಿಸ್ತೀನಿ, ನೀನು ನಿಂತು ನೋಡು, ಆಮೇಲೆ ನಿನ್ನ ಕಥೆ ಅಂತಾನೆ."

"ನೀನೂ ಒಳಗೆ ಬಾ. ಬಾಗಿಲು ಹಾಕ್ತೀನಿ."

"ಇಬ್ರೂ ಒಂದೇ ಕಡೆ ಸಿಕ್ಕಿದ್ರೆ ಇಬ್ರೂ ಹೋದಂಗೇ. ನಾನು ಸ್ಟೇಷನ್ ಕಡೆ ಓಡ್ತೀನಿ. ನನ್ನ ಕಂಡ್ರೆ ನನ್ನ ಹಿಂದೇನೇ ಬರ್ತಾನೆ."

ಮುರಿದ ಕೈಯನ್ನು ಇನ್ನೊಂದು ಕೈಯಲ್ಲಿ ಎತ್ತಿ ಹಿಡಿದುಕೊಂಡು ಅವಳು ಓಡಿಯೇಬಿಟ್ಟಳು. ಟೀಚರು ಚಿಲಕ ಹಾಕಿ ಪೊಲೀಸರಿಗೆ ಫೋನ್ ಮಾಡಿದರು. ಜೀಪು ಈಗಲೇ ಹೊರಡುತ್ತದೆ ಎಂದರು ಅತ್ತ ಕಡೆಯವರು. ಜೀಪು ಹೊರಡುವುದಕ್ಕೂ ಬಂದು ನಿಲ್ಲುವುದಕ್ಕೂ ಇರುವ ಅಂತರ ನಿಮಗೂ ಗೊತ್ತು, ನನಗೂ ಗೊತ್ತು.

ಮಗು ಒಂದನೇ ತರಗತಿಯದು. ಹೆಸರು ಏನೇ ಇರಲಿ, ಎಲ್ಲರ ಬಾಯಲ್ಲೂ ಸೊಳ್ಳೆ. ಕಿವಿಯ ಹತ್ತಿರ ಸದಾ ಗುಂಯ್‌ಗುಡುತ್ತಾಳೆ ಎಂದು ಅವಳಪ್ಪನೇ ಇಟ್ಟ ಅಡ್ಡಹೆಸರು. ಅವಳು ಅಳುತ್ತಿರಲಿಲ್ಲ. "ಅಮ್ಮ ಮತ್ತೆ ಬಿದ್ಬಿಟ್ರು, ಮಿಸ್" ಎಂದಳು. ಅವರ ಮನೆಯಲ್ಲಿ ಅಮ್ಮ ಹೊಡೆತ ತಿನ್ನುತ್ತಿರಲಿಲ್ಲ, ಬೀಳುತ್ತಿದ್ದಳು. ಮಗಳಿಗೆ ಅಪ್ಪ ಹಾಗೇ ಹೇಳಿಕೊಟ್ಟಿದ್ದ. ಮಗಳ ಮೇಲೆ ಅವನು ಆವರೆಗೂ ಒಂದು ಬೆರಳು ಎತ್ತಿದವನಲ್ಲ.

ಟೀಚರಿಗೆ ಇದೆಲ್ಲ ಗೊತ್ತಿರಲಿಲ್ಲ ಎನ್ನುವ ಹಾಗಿಲ್ಲ. ಗೊತ್ತಿತ್ತು. ಗೊತ್ತಿದ್ದೂ ಅವರು ಸೊಳ್ಳೆಯ ಅಪ್ಪನನ್ನು, ಆ ಟೈರ್ ಅಂಗಡಿಯವನನ್ನು, ತಲೆಯ ಮೇಲೆ ಹೊತ್ತು ಮೆರೆಸಿದ್ದರು. ಕಾರಣ, ಅವರ ಪುಸ್ತಕ.

ಓದು ಕಲಿಯುವ ಮಕ್ಕಳಿಗಾಗಿ ಪುಸ್ತಕ ಮಾಡುವುದರಲ್ಲಿ ಟೀಚರದು ಎತ್ತಿದ ಕೈ. ಅವರ ದೂರು ಒಂದೇ: ಮನೆಯಲ್ಲಿ ಮಕ್ಕಳ ಜೊತೆ ಓದಲು ಯಾರೂ ಕೂರುವುದಿಲ್ಲ, ಏಕೆಂದರೆ ಎಷ್ಟೋ ಮನೆಗಳಲ್ಲಿ ದೊಡ್ಡವರಿಗೇ ಓದು ಬಾರದು. ಅದಕ್ಕೆ ಅವರು ಎರಡು ದನಿಯ ಪುಸ್ತಕ ಮಾಡಿದರು. ಎಡ ಪುಟ ದೊಡ್ಡವರದು, ಕೆಂಪು ಅಕ್ಷರ. ಬಲ ಪುಟ ಮಗುವಿನದು, ನೀಲಿ ಅಕ್ಷರ. ಬೆಕ್ಕಿನ ಮರಿಯೊಂದು ಪುಟಕ್ಕೊಂದು ಕಡೆ ಅವಿತುಕೊಳ್ಳುತ್ತದೆ. ದೊಡ್ಡವರ ಸಾಲು ಎಲ್ಲ ಪುಟಗಳಲ್ಲೂ ಅದೇ: "ಮರಿ, ಮರಿ, ಎಲ್ಲಿದ್ದೀಯಾ?" ಅಕ್ಷರ ಬಾರದವರೂ ಒಂದು ಸಂಜೆಯಲ್ಲಿ ಅದನ್ನು ಕಲಿತುಬಿಡಬಹುದು. ಮಗುವಿನ ಸಾಲು ಮಾತ್ರ ಬದಲಾಗುತ್ತಾ ಹೋಗುತ್ತದೆ: "ಬುಟ್ಟಿಯಲ್ಲಿ ಇದ್ದೀನಿ!" "ಬಾಗಿಲ ಹಿಂದೆ ಇದ್ದೀನಿ!" ಕೇಳಿದ ಪ್ರಶ್ನೆ ನೆಲಕ್ಕೆ ಬೀಳುವ ಮೊದಲು ಉತ್ತರ ಬರಬೇಕು ಎಂದು ಟೀಚರು ಮಕ್ಕಳಿಗೆ ಚಪ್ಪಾಳೆ ತಟ್ಟಿ ತಟ್ಟಿ ಅಭ್ಯಾಸ ಮಾಡಿಸಿದ್ದರು. ಉತ್ತರದ ಅವಸರದಲ್ಲೇ ಮಗುವಿನ ಕಣ್ಣು ಅಕ್ಷರದ ಮೇಲೆ ಓಡುತ್ತದೆ, ಓದು ಕೂರುತ್ತದೆ ಎನ್ನುವುದು ಅವರ ಲೆಕ್ಕಾಚಾರ. ಲೆಕ್ಕಾಚಾರ ತಪ್ಪಾಗಲಿಲ್ಲ. ತಡವರಿಸುತ್ತಿದ್ದ ಮಕ್ಕಳೆಲ್ಲ ಪಟಪಟ ಓದತೊಡಗಿದರು.

ಟೈರ್ ಅಂಗಡಿಯವನಂತೂ ಆ ಕೆಂಪು ಸಾಲನ್ನು ಕಲಿತು, ಗ್ರೀಸ್ ಮೆತ್ತಿದ ಕೈ ತೊಳೆದುಕೊಂಡು, ದಿನಾ ಸಂಜೆ ಅಂಗಡಿಯ ಮುಂದೆ ಮಗಳನ್ನು ತೊಡೆಯ ಮೇಲೆ ಕೂರಿಸಿಕೊಂಡು ಓದುತ್ತಿದ್ದ. ಎಲ್ಲಿ ನಿಲ್ಲಿಸಬೇಕು, ಎಲ್ಲಿ ದನಿ ಎಳೆಯಬೇಕು ಎಂದು ಟೀಚರೇ ಅವನಿಗೆ ಹೇಳಿಕೊಟ್ಟಿದ್ದರು. ಪಠ್ಯಪುಸ್ತಕ ಕಚೇರಿಯ ಅಧಿಕಾರಿ ಬಂದಾಗ ಅವನನ್ನೇ ಕರೆಸಿ ಓದಿಸಿದರು. ಅಧಿಕಾರಿ ಚಪ್ಪಾಳೆ ತಟ್ಟಿದ್ದಕ್ಕೆ ಹಿಗ್ಗಿ ಹೀರೇಕಾಯಿಯಾದವರು ಟೀಚರು. ಅವನ ಹೆಂಡತಿ ಒಮ್ಮೆ ಬಾಯಿಬಿಟ್ಟೇ ಹೇಳಿದ್ದಳು: "ಅಕ್ಕ, ಮೊದ್ಲು ಬಂದ ತಕ್ಷಣ ಹೊಡೀತಿದ್ದ, ಈಗ ಪುಸ್ತಕ ಮುಚ್ಚಿಟ್ಟು ಹೊಡೀತಾನೆ. ಅಷ್ಟೇ ವ್ಯತ್ಯಾಸ." ಅದಕ್ಕೆ ಇವರು, "ತಾಳ್ಮೆ ಇರಲಿ, ಓದೋ ಮನುಷ್ಯ ನಿಧಾನಕ್ಕೆ ಮೆತ್ತಗಾಗ್ತಾನೆ" ಎಂದಿದ್ದರು. ಎಂಥ ಮಾತು ನೋಡಿ! ಓದಿದವರ ಕೈಯಲ್ಲಿ ಒದೆ ತಿಂದವರು ಊರಲ್ಲಿ ಕಮ್ಮಿಯಿದ್ದಾರೆಯೇ?

ಈಗ ಆ ಮೆತ್ತಗಿನ ಮನುಷ್ಯ ಬೀದಿಯಲ್ಲಿ ಕಬ್ಬಿಣ ಎಳೆದುಕೊಂಡು ಬರುತ್ತಿರುವ ಸದ್ದು ಕೇಳುತ್ತಿತ್ತು. ಟೈರ್ ಬಿಚ್ಚುವ ಉದ್ದನೆಯ ಪಟ್ಟಿ, ಕಲ್ಲಿನ ಮೇಲೆ ಕರಕರ ಎನ್ನುತ್ತಿತ್ತು. ಹೆಂಡತಿ ಮಗುವಿಲ್ಲದೆ ಓಡುವುದನ್ನು ಕಂಡರೂ ಅವಳ ಹಿಂದೆ ಅವನು ಹೋಗಿರಲಿಲ್ಲ. ಮಗು ಎಲ್ಲಿದೆಯೋ ಹೆಂಡತಿ ಅಲ್ಲಿಗೆ ಬಂದೇ ಬರುತ್ತಾಳೆ ಎಂದು ಅವನಿಗೆ ಗೊತ್ತಿತ್ತು.

ಕೋಣೆಗೆ ಇದ್ದದ್ದು ಒಂದೇ ಬಾಗಿಲು. ಗೋಡೆಯುದ್ದಕ್ಕೂ ಪುಸ್ತಕ ತುಂಬಿದ ರಟ್ಟಿನ ಪೆಟ್ಟಿಗೆಗಳು. ಟೀಚರು ಒಂದನ್ನು ಖಾಲಿ ಮಾಡಿ ಸೊಳ್ಳೆಯನ್ನು ಒಳಗೆ ಕೂರಿಸಿದರು.

"ಏನೇ ಕೇಳಿಸಿದ್ರೂ ಬಾಯಿ ಬಿಡಬಾರದು. ತಿಳೀತಾ?"

ಸೊಳ್ಳೆ ತುಟಿಯ ಮೇಲೆ ಬೆರಳಿಟ್ಟುಕೊಂಡು ತಲೆಯಾಡಿಸಿದಳು. ಟೀಚರು ಮುಚ್ಚಳ ಮಡಿಚಿ, ಬೇರೆ ಪೆಟ್ಟಿಗೆಗಳ ನಡುವೆ ಅದನ್ನು ದೂಡಿದರು.

ಮೂರನೇ ಏಟಿಗೆ ಚಿಲಕ ಸ್ಕ್ರೂಗಳ ಸಮೇತ ಕಿತ್ತು ಬಂತು.

"ಸೊಳ್ಳೆ ಎಲ್ಲಿ, ಟೀಚರಮ್ಮ?" ದನಿ ಏರಿರಲಿಲ್ಲ. ಅದೇ ಹೆದರಿಕೆಯ ವಿಷಯ.

"ಇಲ್ಲಿಲ್ಲಪ್ಪ. ಅವಳಮ್ಮನ ಜೊತೆ ಹೋದ್ಲು."

"ಸುಳ್ಳು ನಿಮ್ಮ ಬಾಯಿಗೆ ಒಪ್ಪಲ್ಲ, ಟೀಚರಮ್ಮ."

ಪಟ್ಟಿ ಬೀಸಿ ಬಂತು. ಹೆಗಲ ಮೂಳೆ ಲಟಕ್ಕೆಂದದ್ದು ಟೀಚರಿಗೆ ಕಿವಿಯಲ್ಲಲ್ಲ, ಹಲ್ಲಿನಲ್ಲಿ ಕೇಳಿಸಿತು. ಮೇಜಿನ ಮೇಲೆ ಬಿದ್ದರು, ಮೇಜಿನ ಸಮೇತ ನೆಲಕ್ಕೆ ಬಿದ್ದರು. ಅಂಟಿನ ಡಬ್ಬಿ ಉರುಳಿ ಮುಖದ ಪಕ್ಕದಲ್ಲೇ ಹರಿಯಿತು. ಅವನು ಹೊಟ್ಟೆಗೆ ಒದ್ದ. ಕೇಳಿದ, ಒದ್ದ, ಮತ್ತೆ ಕೇಳಿದ. "ಇಲ್ಲ" ಎನ್ನುವ ಒಂದು ಮಾತು ಬಿಟ್ಟು ಟೀಚರ ಬಾಯಿಂದ ರಕ್ತ ಮಾತ್ರ ಬಂತು. ಅವನು ಕಪಾಟು ಕೆಡವಿದ. ಬಣ್ಣದ ಸೀಸೆಗಳನ್ನು ಪುಡಿ ಮಾಡಿದ. ಎರಡು ಪೆಟ್ಟಿಗೆಗಳನ್ನು ಸೀಳಿದ. ಬರೀ ಪುಸ್ತಕ. ಬೇಸತ್ತು ಬಾಗಿಲ ಕಡೆ ತಿರುಗಿದ. ಟೀಚರಿಗೆ ಹೋದ ಜೀವ ಬಂದಂತಾಯಿತು.

ಹೊಸ್ತಿಲ ಮೇಲೆ ಅವನು ನಿಂತ. ಹಾಗೇ ನಿಂತು, ಪಟ್ಟಿಯನ್ನು ಕಾಲಿಗೆ ಒರಗಿಸಿಕೊಂಡು, ಗಂಟಲು ಸರಿಮಾಡಿಕೊಂಡ. ಅವನು ಏನು ಮಾಡಲಿದ್ದಾನೆ ಎಂದು ಟೀಚರಿಗೆ ತಟ್ಟನೆ ಹೊಳೆಯಿತು. ಕಿರುಚಿಕೊಳ್ಳಲು ಬಾಯಿ ತೆರೆದರು. ಒದೆ ತಿಂದ ಹೊಟ್ಟೆಯಲ್ಲಿ ಉಸಿರೇ ಇರಲಿಲ್ಲ.

"ಮರಿ, ಮರಿ," ಎಂದ ಅವನು. ಎಷ್ಟು ಹೊತ್ತು ನಿಲ್ಲಿಸಬೇಕೋ ಅಷ್ಟೇ ನಿಲ್ಲಿಸಿದ. ಎಲ್ಲಿ ಎಳೆಯಬೇಕೋ ಅಲ್ಲೇ ಎಳೆದ. "ಎಲ್ಲಿದ್ದೀಯಾ?"

"ಪೆಟ್ಟಿಗೆಯಲ್ಲಿ ಇದ್ದೀನಿ!"

ಆ ಸಾಲು ಪುಸ್ತಕದಲ್ಲಿ ಇರಲೇ ಇಲ್ಲ. ಮಗು ತಾನೇ ಕಟ್ಟಿ ಹೇಳಿತ್ತು. ಬೇರೆ ದಿನವಾಗಿದ್ದರೆ ಟೀಚರು ಅವಳನ್ನು ಎತ್ತಿ ಕುಣಿಸುತ್ತಿದ್ದರು.

ಮುಚ್ಚಳ ತಾನಾಗಿ ತೆರೆಯಿತು. ಆಟದಲ್ಲಿ ಸಿಕ್ಕಿಬಿದ್ದ ಮಕ್ಕಳು ನಗುತ್ತಾರಲ್ಲ, ಹಾಗೆ ನಗುತ್ತಾ ಸೊಳ್ಳೆ ಎದ್ದು ನಿಂತಳು. ಅವನು ಪಟ್ಟಿ ಹಿಡಿದೇ ಒಳಗೆ ಬಂದು, ಇನ್ನೊಂದು ಕೈಯಲ್ಲಿ ಅವಳನ್ನು ಎತ್ತಿ ಕಂಕುಳಿಗೆ ಸಿಕ್ಕಿಸಿಕೊಂಡ. "ಬಾ ಸೊಳ್ಳೆ. ನಿಮ್ಮಮ್ಮ ಬಂದು ನೋಡ್ಲಿ," ಎಂದು ಬಾಗಿಲ ಕಡೆ ಹೊರಟ.

ಅವನು ದಾಟಿ ಹೋಗಬೇಕಿದ್ದದ್ದು ಟೀಚರ ಪಕ್ಕದಲ್ಲೇ. ದಬ್ಬಣ ನೆಲದ ಮೇಲೆ ಅಂಟಿನಲ್ಲಿ ಬಿದ್ದಿತ್ತು. ಅದು ಕೈಗೆ ಬಂದದ್ದು ಹೇಗೆಂದು ಟೀಚರಿಗೆ ಆಮೇಲೆಯೂ ನೆನಪಾಗಲಿಲ್ಲ. ಹಿಡಿಯ ತನಕ ಅವನ ತೊಡೆಗೆ ಇಳಿಸಿದರು. ಅವನು ಅರಚಿದ. ಬೀಸಿದ ಪಟ್ಟಿ ಗೋಡೆಗೆ ಬಡಿದು ಗಾರೆ ಉದುರಿತು. ದಬ್ಬಣ ಕಿತ್ತು ಮತ್ತೆ ಚುಚ್ಚಿದರು, ಮೊಣಕಾಲ ಹಿಂದೆ. ಅವನು ಕುಸಿದ. ಪಟ್ಟಿ ಬಿತ್ತು. ಮಗು ಮಾತ್ರ ಬೀಳಲಿಲ್ಲ. ಅವನ ಎಡಗೈ ಅವಳ ಕುತ್ತಿಗೆಗೆ ಹೋಗಿತ್ತು. ಬೆರಳುಗಳು ಬಿಗಿಯುತ್ತಿದ್ದವು. ಅವಳ ನಗು ಕೆಮ್ಮಾಯಿತು, ಕೆಮ್ಮು ಗೊರಗೊರವಾಯಿತು, ಆಮೇಲೆ ಅದೂ ಇಲ್ಲ.

ಟೀಚರು ಪಟ್ಟಿ ಎತ್ತಿಕೊಂಡರು. ನೆಟ್ಟಗಿದ್ದದ್ದು ಒಂದೇ ಕೈ. ಆ ಒಂದೇ ಕೈಯಲ್ಲಿ ಅವನ ಮಣಿಕಟ್ಟಿಗೆ ಹೊಡೆದರು. ಬಿಡಲಿಲ್ಲ. ಹೊಡೆದರು. ಬಿಡಲಿಲ್ಲ. ಮೂಳೆ ಚೂರಾಗಿ ಬೆರಳುಗಳು ಸಡಿಲಾದವು, ಮಗು ಹೊರಳಿ ಬಿದ್ದು ಉಸಿರೆಳೆದುಕೊಂಡಿತು. ಅಲ್ಲಿಗೆ ನಿಲ್ಲಿಸಬಹುದಿತ್ತು. ಟೀಚರು ನಿಲ್ಲಿಸಲಿಲ್ಲ. ಅವನ ಮುಖಕ್ಕೂ ಹೊಡೆದರು, ಬಾಯಿಗೂ ಹೊಡೆದರು. ಆ ದನಿ ಹೊರಟ ಬಾಯಿ ಅದು. ಅದನ್ನು ಮುಚ್ಚಿಸಬೇಕೆಂಬ ಸಿಟ್ಟು ಅವರ ಮೈಯಲ್ಲಿ ದೆವ್ವದ ಹಾಗೆ ಹೊಕ್ಕಿತ್ತು. ಅವರ ಸೆರಗು ಹಿಡಿದು ಯಾರೋ ಎಳೆಯುತ್ತಿದ್ದರು. "ಬೇಡ ಮಿಸ್! ಅಪ್ಪನ್ನ ಹೊಡೀಬೇಡಿ ಮಿಸ್!" ಆ ಹೊತ್ತಿಗೆ ಜೀಪು ಬಂತು.

ಅವನು ಸಾಯಲಿಲ್ಲ. ಹಲ್ಲು ಹೋದವು, ಕೈ ಹೋಯಿತು, ಕಾವಲಿನಲ್ಲಿ ಮಲಗಿದ್ದ. ಟೀಚರು ಅದೇ ಆಸ್ಪತ್ರೆಯ ಇನ್ನೊಂದು ವಾರ್ಡಿನಲ್ಲಿ ಹೆಗಲಿಗೆ ಬ್ಯಾಂಡೇಜು ಬಿಗಿಸಿಕೊಂಡು ಮಲಗಿದ್ದರು.

ಪಠ್ಯಪುಸ್ತಕ ಕಚೇರಿಯ ಅಧಿಕಾರಿ ಹಣ್ಣು ತಂದ. ಕ್ಷೇಮ ವಿಚಾರಿಸಿದ. ಆಮೇಲೆ ಮೆಲ್ಲಗೆ ವಿಷಯಕ್ಕೆ ಬಂದ. "ನಿಮ್ಮ ಪುಸ್ತಕ ಎಲ್ಲ ಶಾಲೆಗೂ ಅಂತ ತೀರ್ಮಾನ ಆಗಿದೆ ಮೇಡಂ. ಅಚ್ಚಿಗೆ ಕಳಿಸೋದೊಂದೇ ಬಾಕಿ."

"ಕಳಿಸ್ಬೇಡಿ."

"ಆಘಾತದಲ್ಲಿ ಹೀಗಂತೀರಿ. ಎಷ್ಟು ಒಳ್ಳೆ ಪುಸ್ತಕ ಅದು! ಕೇಳಿದ ತಕ್ಷಣ ಮಕ್ಕಳು ಉತ್ತರ ಕೊಡ್ತಾರೆ."

"ಯಾರು ಕೇಳಿದ್ರೂ ಕೊಡ್ತಾರೆ," ಎಂದರು ಟೀಚರು. "ಉತ್ತರ ಕೊಡೋದು ಕಲಿಸಿದೆ. ಕೊಡದೆ ಇರೋದು ಕಲಿಸಲಿಲ್ಲ. ಅದನ್ನ ಬರೆಯೋ ತನಕ ಒಂದು ಪ್ರತೀನೂ ಹೊರಗೆ ಹೋಗ್ಬಾರದು." ಅಧಿಕಾರಿಗೆ ಅರ್ಥವಾದಂತೆ ಕಾಣಲಿಲ್ಲ. ಹಣ್ಣಿನ ಚೀಲ ಇಟ್ಟು ಹೋದ.

ಸಂಜೆ ತಾಯಿ ಬಂದಳು. ಕೈಗೆ ಸಿಮೆಂಟು ಕಟ್ಟಿದ್ದರು. ಇನ್ನೊಂದು ಕೈಯಲ್ಲಿ ಸೊಳ್ಳೆ. ಮಗುವಿನ ಕುತ್ತಿಗೆಯ ಮೇಲೆ ಅಪ್ಪನ ಬೆರಳುಗಳು ನೀಲಿಯಾಗಿ ಮೂಡಿದ್ದವು. ತಾಯಿ ಅಳುತ್ತಾ ಮಗಳನ್ನು ಮಂಚದ ಕಡೆ ದೂಡಿದಳು. "ಮಿಸ್ ನಿನ್ನ ಜೀವ ಉಳಿಸಿದ್ದಾರೆ ಕಣೇ. ಹತ್ರ ಹೋಗು."

ಸೊಳ್ಳೆ ಹೋಗಲಿಲ್ಲ.

"ಅಪ್ಪ ನನ್ನ ಹುಡುಕಿಬಿಟ್ಟಿದ್ರು," ಎಂದಳು. ದನಿ ಇನ್ನೂ ಒಡೆದಿತ್ತು. "ಆಟ ಮುಗ್ದೇಹೋಗಿತ್ತು. ಆಮೇಲೆ ಮಿಸ್ ಚುಚ್ಚಿದ್ರು. ಅಪ್ಪ ಬಿದ್ರು. ಬಿದ್ಮೇಲೂ ಹೊಡೆದ್ರು. ಮಿಸ್ ಕೆಟ್ಟೋರು."

ತಾಯಿಯ ಮುಖ ಕೆಂಪಾಯಿತು. ಅವಳು ಗಟ್ಟಿಯಿದ್ದ ಕೈ ಎತ್ತಿದಳು. ಏಟು ಮಗುವಿನ ಕೆನ್ನೆಗೆ ಇಳಿಯುವ ಮೊದಲು ಟೀಚರು ಕಾಲು ಇಳಿಬಿಟ್ಟು ಎದ್ದು ಕೂತು, ಮುಂದೆ ಬಾಗಿ ಆ ಕೈಯನ್ನು ಹಿಡಿದುಕೊಂಡರು. ಹೆಗಲಲ್ಲಿ ಕೆಂಡ ಸುರಿದಂತಾಯಿತು, ಆದರೂ ಬಿಡಲಿಲ್ಲ.

"ಬೇಡ. ನೀನು ಹೊಡೀಬೇಡ. ಅವಳು ನೋಡಿದ್ದನ್ನ ಅವಳು ಹೇಳ್ತಿದ್ದಾಳೆ."

"ಅಲ್ಲ ಅಕ್ಕ, ನಿಮ್ಮನ್ನ ಹಾಗನ್ನೋದಾ?"

"ಅನ್ಲಿ. ದಿನಾ ಬಂದು ಅನ್ಲಿ. ಅನ್ನೋಕೆ ಬಾಯಲ್ಲಿ ಉಸಿರಿದೆಯಲ್ಲ, ಅಷ್ಟು ಸಾಕು."

ದೊಡ್ಡವರಿಬ್ಬರೂ ಒಬ್ಬರ ಕೈಯನ್ನೊಬ್ಬರು ಹಿಡಿದುಕೊಂಡು ಅಳುವುದನ್ನು ಸೊಳ್ಳೆ ಸ್ವಲ್ಪ ಹೊತ್ತು ನೋಡಿದಳು. ಆಮೇಲೆ ಮಂಚದ ಹತ್ತಿರ ಬಂದು, ಕೆಳಗೆ ಇಳಿಬಿದ್ದಿದ್ದ ಟೀಚರ ಕಾಲಿಗೆ, ಇದ್ದ ಬಲವನ್ನೆಲ್ಲ ಹಾಕಿ ಒಂದು ಒದೆ ಕೊಟ್ಟಳು. ಟೀಚರು ಕಾಲು ಹಿಂದೆಳೆದುಕೊಳ್ಳಲಿಲ್ಲ.