ನೀರು ಕುಡಿದ ಮೇಲಿನ ಸಿಳ್ಳು

ಬೆಳಕು ಹರಿಯುವುದರೊಳಗೆ ಬೀದರ ದಾಟಿಬಿಡಬೇಕೆಂದು ಸಖುಬಾಯಿ ಲೆಕ್ಕ ಹಾಕಿದ್ದಳು. ಹೊಟ್ಟೆಯೊಳಗಿನ ಮರಿ ಯಾರ ಲೆಕ್ಕ ಕೇಳೀತು? ಹೈದರಾಬಾದ್ ರಸ್ತೆಯ ಪಕ್ಕದ ಖಾಲಿ ಪ್ಲಾಟಿನೊಳಗೆ, ‘ಈ ಜಾಗ ಮಾರಾಟಕ್ಕಿಲ್ಲ’ ಎಂದು ಬರೆದ ಬೋರ್ಡಿನ ಬುಡಕ್ಕೇ ಹೋಗಿ ಕುರಿ ಮಲಗಿಬಿಟ್ಟಿತು. ಹಿಂದಿದ್ದ ಹಿಂಡೆಲ್ಲ ಅಲ್ಲೇ ನಿಂತಿತು.

"ನಿನಗ ಇವತ್ತಽ ಬೇಕಾಗಿತ್ತೇನು, ಭಾಡ್ಯಾ!" ಎಂದು ಸಖುಬಾಯಿ ಬೈದಳು. ಬೈಯುತ್ತಲೇ ಸೆರಗು ಸೊಂಟಕ್ಕೆ ಸಿಕ್ಕಿಸಿ ಅದರ ಹಿಂದೆ ಕುಕ್ಕರುಗಾಲಲ್ಲಿ ಕೂತಳು.

ಸೊಸೆ ಮಲ್ಲೇಶ್ವರಿ ರಸ್ತೆಯ ಕಡೆ ನೋಡಿದಳು. ಆಗಲೇ ಹಾಲಿನ ಗಾಡಿಗಳು ಶುರುವಾಗಿದ್ದವು. "ಅತ್ತಿ, ನಾ ಇದರ ಕೂಡ ಇಲ್ಲೇ ಇರ್ತೇನಿ. ನೀವು ಹಿಂಡು ಹೊಡಕೊಂಡು ನಡೀರಿ. ಹೊತ್ತಾದ್ರ ಶಹರದಾಗ ಕಾಲಿಡ್ಲಾಕ ಜಾಗಾ ಇರಲ್ರಿ."

"ಹುಚ್ಚಿ ಇದ್ದೀ. ಈದ ಕುರಿ ಬಿಟ್ಟು ಹಿಂಡು ಏಳಬಾರದು. ಮರಿ ತನ್ನ ಕಾಲ ಮ್ಯಾಲ ನಿಲ್ಲಬೇಕು, ಮೊಲಿ ಹಿಡೀಬೇಕು, ಆಮ್ಯಾಲೇ ಎಲ್ಲಾರೂ ಏಳಾದು. ನಿಮ್ಮ ಮಾವ ಹಿಂಗೇ ಮಾಡ್ಯಾರ, ಅವರಪ್ಪ ಹಿಂಗೇ ಮಾಡ್ಯಾನ. ನಾನೇನು ಅವರಕಿಂತ ಶಾಣೇಕಿ?"

ಮರಿ ಕಪ್ಪಗೆ, ಒದ್ದೆಯಾಗಿ ಹೊರಬಂತು. ಎದ್ದಿತು, ಬಿತ್ತು, ಮತ್ತೆ ಎದ್ದಿತು. ಅದು ತಾಯಿಯ ಕೆಚ್ಚಲು ಹುಡುಕಿ ಹಿಡಿಯುವ ಹೊತ್ತಿಗೆ ಬಿಸಿಲು ಬೋರ್ಡಿನ ಮೇಲೆ ಬಿದ್ದಿತ್ತು. ವಾಯುಪಡೆಯ ಕಲಿಕೆಯ ವಿಮಾನಗಳು ತಲೆಯ ಮೇಲೆ ಗುಂಯ್ ಎಂದು ಸುತ್ತು ಹಾಕತೊಡಗಿದ್ದವು. ರಸ್ತೆ ತುಂಬಿಹೋಗಿತ್ತು.

ಸಖುಬಾಯಿಗೆ ಮರಿ ಹುಟ್ಟಿದ ಖುಷಿಯೂ ಆಯಿತು, ರಸ್ತೆ ನೋಡಿ ಅಂಜಿಕೆಯೂ ಆಯಿತು. ಪ್ರತಿ ವರ್ಷ ದೀಪಾವಳಿ ಮುಗಿದ ಮೇಲೆ ಅವರ ಹಿಂಡು ಸಂತಪುರದಿಂದ ಹೊರಟು, ಬೀದರ ದಾಟಿ, ತೆಲಂಗಾಣದ ಕಡೆ ಮೇಯಲು ಹೋಗುತ್ತದೆ. ಜೂನಿನ ಮಿರಗದ ಮಳೆಗೆ ಮುಂಚೆ ತಿರುಗಿ ಬರುತ್ತದೆ. ಬಂದರೆ ಸಾಕು, ಸಂತಪುರ, ಠಾಣಾ ಕುಶನೂರದ ರೈತರು ತಮ್ಮ ಹೊಲದಲ್ಲಿ ರಾತ್ರಿ ಹಿಂಡು ತರುಬಿಸಿಕೊಳ್ಳಲು ಪಾಳಿ ಹಚ್ಚುತ್ತಾರೆ. ಹಿಕ್ಕೆ ಬಿದ್ದ ಹೊಲದ ತೊಗರಿಯ ಗತ್ತೇ ಬೇರೆ. ಆದರೆ ಈ ಸಲ ಹೋಗುವಾಗ ಬೀದರಿನ ರಿಂಗ್ ರೋಡಿನಲ್ಲಿ ಮೋಟರ್ ಸೈಕಲ್ಲು ಬಡಿದು ಗಂಡ ಬಕ್ಕಪ್ಪನ ಕಾಲು ಮುರಿಯಿತು. ಅವನನ್ನು ಊರಿಗೆ ಕಳಿಸಿ ಅತ್ತೆ ಸೊಸೆಯರೇ ಹಿಂಡು ಮೇಯಿಸಿದ್ದರು. ಬಕ್ಕಪ್ಪನ ಕಾಲು ಕೂಡಿತು, ಧೈರ್ಯ ಕೂಡಲಿಲ್ಲ. "ಬೀದರ ದಾಟೋದು ಇನ್ನ ನಮ್ಮಂಥವರ ಕೆಲಸ ಅಲ್ಲ" ಎಂದು ಅವನು ಮಂಚದ ಮೇಲೆ ಕೂತೇ ವ್ಯಾಪಾರಿ ಸಂಜುಕುಮಾರನಿಗೆ ಇಡೀ ಹಿಂಡು ಕೊಡುವ ಮಾತಾಡಿದ್ದ. ಸಖುಬಾಯಿ ಫೋನಿನಲ್ಲೇ ಜಗಳ ತೆಗೆದು ಒಂದು ಕರಾರು ಮಾಡಿಸಿದ್ದಳು. ಅವಳು ಹಿಂಡನ್ನು ನಡೆಸಿಕೊಂಡೇ ಬೀದರ ದಾಟಿಸಿದರೆ ಮಾರುವ ಮಾತಿಲ್ಲ. ದಾಟಿಸಲಾಗದಿದ್ದರೆ ಬೀದರಿನಲ್ಲೇ ಸಂಜುಕುಮಾರನ ಲಾರಿಗೆ ಹತ್ತಿಸುವುದು.

ಮಗ ದಿಲೀಪ ಆಟೊ ತಂದು ಪಕ್ಕಕ್ಕೆ ನಿಲ್ಲಿಸಿದ. ಬೀದರಿನಲ್ಲಿ ಖೋಲಿ ಹಿಡಿದು ಆಟೊ ಓಡಿಸುವವನು, ಖಾಕಿ ಅಂಗಿಗೂ ಇಸ್ತ್ರಿ ಹಾಕುವವನು. ಹೆಂಡತಿಯ ಮಡಿಲಲ್ಲಿದ್ದ ಮರಿಯನ್ನು ನೋಡಿ ನಗಬೇಕೋ ಅಳಬೇಕೋ ಅವನಿಗೆ ತಿಳಿಯಲಿಲ್ಲ.

"ಅವ್ವಾ, ಟೈಮ್ ಎಷ್ಟಾಗ್ಯಾದ ನೋಡು. ಈಗ ಹ್ಯಾಂಗ ಹೋಗ್ತೀ? ಬೀದರ ಅಂದ್ರ ಮೊದಲಿನ ಬೀದರ ಉಳದಿಲ್ಲ. ಮಂದಿ ಮ್ಯಾಲ ಮಂದಿ ಆಗ್ಯಾರ. ಆಟೊಕ್ಕೇ ರಸ್ತಾ ಸಿಗಲ್ಲ, ನಿನ್ನ ಕುರಿಗಿ ಯಾರು ಕೊಡ್ತಾರ? ಸಂಜುಕಾಕಾನ ಲಾರಿ ಇಲ್ಲೇ ನಿಂತದ. ಆರಾಮ ಒಯ್ತಾನ."

"ಕುರಿ ಕಾಯ್ಲಾಕ ತೋಳಗ ಹೇಳ್ದಂಗ ಆಯ್ತು. ಸರಿ ಆ ಕಡಿ."

"ನಮ್ಮ ಆಟೊ ಸ್ಟ್ಯಾಂಡ್ ಮುಂದಽ ಹಾಯಬೇಕು ನೀ. ನಾಕ ಮಂದಿ ನೋಡ್ತಾರ."

ಸಖುಬಾಯಿ ಮಗನ ಮುಖವನ್ನು ದಿಟ್ಟಿಸಿ ನೋಡಿದಳು. "ನೋಡ್ಲಿ ಬಿಡಪಾ. ಕಣ್ಣು ಇದ್ದವರು ನೋಡ್ತಾರ. ನೀ ಗುರ್ತಿಲ್ಲದಂಗ ನಿಂದರು, ನಾ ಏನೂ ಅನ್ನಲ್ಲ" ಎಂದು ಕೋಲು ಎತ್ತಿಕೊಂಡಳು.

ಎಲ್ಲಕ್ಕಿಂತ ಮುಂದೆ ಕೆಂಚಿ. ಕೊರಳಿಗೆ ಗಂಟೆ, ಒಂದು ಕಿವಿ ಹರಿದ ಮುದಿ ಕುರಿ. ಕೆಂಚಿ ನಡೆದರೆ ಹಿಂಡು ನಡೆಯುತ್ತದೆ, ಕೆಂಚಿ ನಿಂತರೆ ದೇವರು ಬಂದು ದೂಡಿದರೂ ಹಿಂಡು ಅಲುಗುವುದಿಲ್ಲ. ಸಖುಬಾಯಿ ಅದರ ಬೆನ್ನು ಚಪ್ಪರಿಸಿ, "ಏಳ್ಕೋಟಿ ಮಲ್ಲಣ್ಣ, ಮಾನ ನಿನ್ನ ಕೈಯಾಗದ" ಎಂದಳು. ದೇವರು ಮಲ್ಲಣ್ಣನಿಗೆ ಹೇಳಿದಳೋ ಕೆಂಚಿಗೆ ಹೇಳಿದಳೋ, ಅವಳಿಗೇ ಗೊತ್ತು.

ಒಂದು ಕಾಲಕ್ಕೆ ಬಾದಶಹರ ರಾಜಧಾನಿಯಾಗಿದ್ದ ಊರು. ಆಗ ಕೋಟೆಯೊಳಗೆ ಹಿಡಿಸುತ್ತಿದ್ದ ಊರು ಈಗ ಕೋಟೆಯನ್ನೇ ಒಂದು ಮೂಲೆಗೆ ದೂಡಿ ಕೂತಿದೆ. ಔರಾದದಿಂದ ಮಕ್ಕಳ ಸಾಲಿಗೆಂದು ಬಂದವರು, ಭಾಲ್ಕಿಯಿಂದ ದವಾಖಾನೆಗೆಂದು ಬಂದು ಇಲ್ಲೇ ಖೋಲಿ ಹಿಡಿದವರು, ಗಡಿಯಾಚೆಯಿಂದ ವ್ಯಾಪಾರಕ್ಕೆ ಬಂದವರು. ಮನೆಯ ಮೇಲೆ ಮನೆ, ಹಾಸ್ಟೆಲಿನ ಮೇಲೆ ಹಾಸ್ಟೆಲು, ಗೇಟಿಗೊಂದು ನೀರಿನ ಟ್ಯಾಂಕರು. ಈ ಗದ್ದಲದ ನಡುವೆ ಕರಿ ಕುರಿಗಳ ಹಿಂಡು ರಸ್ತೆಯ ಎಡಬದಿ ಹಿಡಿದು ಹೊರಟಿತು. ಕೋಚಿಂಗ್ ಹುಡುಗಿಯರು ಮೊಬೈಲು ಹಿಡಿದರು. ತರಕಾರಿ ಗಾಡಿಯವನು ಮೆಂತ್ಯ ಸೊಪ್ಪಿನ ಮೇಲೆ ಅಡ್ಡ ಬಿದ್ದು ಕಾಪಾಡಿಕೊಂಡ. ಬಸ್ಸಿನವನು ಹಾರ್ನು ಹೊಡೆದೇ ಹೊಡೆದ. ಕೆಂಚಿ ಯಾರಿಗೂ ಸೊಪ್ಪು ಹಾಕಲಿಲ್ಲ. ಬಸ್ ಸ್ಟ್ಯಾಂಡಿನ ಗದ್ದಲವನ್ನೂ ದಾಟಿತು. ಸಖುಬಾಯಿಗೆ ಉಸಿರು ಹಗುರಾಯಿತು. "ಗೆದ್ದೇವ ನೋಡು, ಮಲ್ಲಿ" ಎಂದಳು.

ಗೆದ್ದೆ ಎನ್ನುವ ಮಾತು ಯಾವಾಗಲೂ ಊಟ ಆದ ಮೇಲೆ ಆಡಬೇಕು. ಔರಾದ ರಸ್ತೆಗೆ ತಿರುಗುವ ಚೌಕಿನಲ್ಲಿ ಕೆಂಚಿ ನಿಂತುಬಿಟ್ಟಿತು.

ಅಲ್ಲಿ ಮೊದಲು ಕುರಿಕುಂಟಿ ಇತ್ತು. ಕುಂಟಿ ಅಂದರೆ ನೀರು ತುಂಬಿದ ದೊಡ್ಡ ಹೊಂಡ. ಅರ್ಧ ಕುಂಟಿಯ ಮೇಲೆ ಎಂದೋ ‘ಲೇಕ್ ವ್ಯೂ ಫಂಕ್ಷನ್ ಹಾಲ್’ ಎದ್ದಿತ್ತು. ದೀಪಾವಳಿಯಲ್ಲಿ ಹೋಗುವಾಗ ಒಂದು ಮೂಲೆಗಾದರೂ ನೀರಿತ್ತು. ಈಗ ಅದಕ್ಕೂ ಮುರುಮು ಮಣ್ಣು ತುಂಬಿ, ಸಿಮೆಂಟು ಇಟ್ಟಿಗೆ ಹಾಸಿ, ಕಾರು ನಿಲ್ಲಿಸುವ ಜಾಗ ಮಾಡಿದ್ದರು. ಲೇಕು ಎಲ್ಲಿದೆ ಎಂದರೆ ಕಾರುಗಳ ಕೆಳಗಿದೆ ಎನ್ನಬೇಕು, ಅಷ್ಟೆ.

ಬೇರೆ ಕಡೆ ನೀರು ಕುಡಿದ ಕುರಿ ತಾನಾಗಿಯೇ ಮುಂದೆ ಹೊರಡುತ್ತದೆ. ಇಲ್ಲಿ ಹಾಗಲ್ಲ. ರಸ್ತೆ ಪಕ್ಕದಲ್ಲೇ ಇರುವುದರಿಂದ, ಒಂದೊಂದೇ ಹೊರಟು ಗಾಡಿಗೆ ಸಿಕ್ಕೀತೆಂದು ಬಕ್ಕಪ್ಪನ ಅಪ್ಪ ಒಂದು ಪದ್ಧತಿ ಹಾಕಿದ್ದ. ಎಲ್ಲ ಕುಡಿದಾದ ಮೇಲೆ ಒಂದು ಸಿಳ್ಳು. ಎರಡು ಮೋಟು, ಒಂದು ಉದ್ದ. ಆ ಸಿಳ್ಳು ಬೀಳದೆ ಒಂದು ಕುರಿಯೂ ಇಲ್ಲಿಂದ ಕದಲಬಾರದು. ಅಜ್ಜಿಕುರಿ ಮೊಮ್ಮಗಳಾದ ಕುರಿಗೆ ಕಲಿಸುತ್ತ ಬಂದ ಪಾಠ ಅದು. ಸಖುಬಾಯಿಗೆ ಇದು ಗೊತ್ತಿತ್ತು, ಆದರೆ ಕುಂಟಿಯೇ ಇಲ್ಲದ ಮೇಲೆ ಪದ್ಧತಿ ಎಲ್ಲಿಂದ ಬಂತು ಎಂದು ತಿಳಿದಿದ್ದಳು. ತಪ್ಪು ಅಲ್ಲೇ ಆಯಿತು. ಮುರುಮು ತುಂಬಿದವರು ಕೆಂಚಿಗೆ ಹೇಳಿರಲಿಲ್ಲ.

ಹಿಂಡು ಚೌಕಿನ ತುಂಬ ಹರಡಿ ನಿಂತಿತು. ನಾಲ್ಕೂ ಕಡೆ ಗಾಡಿಗಳು ಕಟ್ಟಿಕೊಂಡವು. "ತ್ರ್ರ್ರ್ ಹೋ, ನಡಿಯವ್ವ" ಎಂದು ಸಖುಬಾಯಿ ಕೂಗಿದಳು, ಕೊರಳು ಹಿಡಿದು ಎಳೆದಳು. ಟ್ರಾಫಿಕ್ ಪೊಲೀಸು ಬಂದು ಸೀಟಿ ಊದಿದ. ಕುರಿಗಳೆಲ್ಲ ಒಮ್ಮೆ ತಲೆ ಎತ್ತಿ ನೋಡಿದವು. ಇದು ನಮ್ಮ ಸಿಳ್ಳಲ್ಲ ಎಂದು ಮತ್ತೆ ತಲೆ ತಗ್ಗಿಸಿದವು.

ಎದುರು ಓಣಿಯಿಂದ ಒಬ್ಬ ಮುದುಕಿ ಬಕೀಟು ಹಿಡಿದು ಬಂದಳು. ಮುನ್ನಿಬೀ. ಕುಂಟಿಯ ದಂಡೆಯ ಮೇಲೇ ಮುಪ್ಪಾದವಳು, ಪ್ರತಿ ವರ್ಷ ಹಿಂಡಿನ ದಾರಿ ಕಾಯುವವಳು. "ಬಂದೀ ಸಖು? ಬಕ್ಕಪ್ಪಭಾಯಿ ಕಾಲು ಹ್ಯಾಂಗದ? ತಗೋ, ಕೆಂಚಿಗಿ ಕುಡಸು. ಟ್ಯಾಂಕರ್ ನೀರು, ಡ್ರಮ್ಮಿನ ತಳದಾಗಿಂದು. ಕುಂಟಿ ಮುಚ್ಚಿದ್ರು, ನಮ್ಮ ಬಾವಿನೂ ಸತ್ತೋತು ನೋಡವ್ವ."

ಕೆಂಚಿ ಬಕೀಟಿನಲ್ಲಿ ಮುಖ ಹಾಕಿ ಕುಡಿಯಿತು. ಮುನ್ನಿಬೀ ಇನ್ನೊಂದು ತರಲು ತಿರುಗಿದಳು. ಸಖುಬಾಯಿ ಅವಳ ಕೈ ಹಿಡಿದಳು. "ಸಾಕು ಬೀಬೀ, ನಿಮಗ ಉಳೀಲಿ. ಉಳದವು ಕೌಠಾದಾಗ ಮಾಂಜ್ರಾ ಹೊಳಿ ಕುಡೀತಾವ." ಕೆಂಚಿ ಗಡ್ಡ ಒದ್ದೆ ಮಾಡಿಕೊಂಡು, ಮುಖ ಎತ್ತಿ ಕಾದು ನಿಂತಿತು. ಅದು ಕಾಯುತ್ತಿದ್ದುದು ಸಿಳ್ಳಿಗೆ.

ಅಷ್ಟರಲ್ಲಿ ಗಾಡಿಗಳ ನಡುವೆ ದಾರಿ ಮಾಡಿಕೊಂಡು ದಿಲೀಪ ಬಂದ. ಮುಖವೆಲ್ಲ ಬೆವರು. "ಅವ್ವಾ, ಪೊಲೀಸ್ರು ಲಾರಿ ಕರಸು ಅನ್ಲತಾರ. ಸಂಜುಕಾಕಾಗ ಫೋನ್ ಹಚ್ಚಲೇನು?"

"ನಿಮ್ಮಪ್ಪನ ಸಿಳ್ಳಿ ಹಾಕ್ಲಾಕ ಬರ್ತದೇನು ನಿನಗ?"

ದಿಲೀಪ ಸುತ್ತಲೂ ನೋಡಿದ. ಸ್ಟ್ಯಾಂಡಿನ ಗೆಳೆಯರೆಲ್ಲ ಅಲ್ಲೇ ಇದ್ದರು. ನಾಚಿಕೆ ನುಂಗಿಕೊಂಡು ಬಾಯಿಗೆ ಬೆರಳಿಟ್ಟು ಊದಿದ. ಪ್ಯಾಸೆಂಜರನ್ನು ಕರೆಯುವ ಸಿಳ್ಳು ಬಂತು. ಹಿಂದೆ ಯಾರೋ, "ಬಸ್ ಸ್ಟ್ಯಾಂಡ್, ಬಸ್ ಸ್ಟ್ಯಾಂಡ್!" ಎಂದು ಕೂಗಿದರು. ಜನ ಬಿದ್ದು ಬಿದ್ದು ನಕ್ಕರು. ಕುರಿಗಳು ಅಲುಗಲಿಲ್ಲ. ದಿಲೀಪ ಫೋನು ತೆಗೆದ.

ಸಖುಬಾಯಿಗೆ ಆ ಸಿಳ್ಳು ಬರುತ್ತಿತ್ತು. ಅವಳ ತವರು ಭಾಲ್ಕಿ ಕಡೆಯ ಮೆಹಕರ. ಹುಡುಗಿಯಿದ್ದಾಗ ಅಪ್ಪನ ಹಿಂಡಿನ ಹಿಂದೆ ಸಿಳ್ಳು ಹಾಕುತ್ತ ಓಡಿದವಳು. ಮೈನೆರೆದ ದಿನ ಅಜ್ಜಿ ತುಟಿ ಹಿಂಡಿ, "ಇನ್ನ ಬಂದ್. ಹೆಣ್ಣು ಸಿಳ್ಳಿ ಹಾಕಿದ ಮನಿ ಉದ್ಧಾರ ಆಗಲ್ಲ" ಎಂದಿದ್ದಳು. ಅಂದಿನಿಂದ ಬಂದ್. ಲಗ್ನವಾಗಿ ಬಂದ ಮೇಲೆ ಈ ಕುಂಟಿಯ ದಂಡೆಯಲ್ಲಿ ಗಂಡ ಸಿಳ್ಳು ಹಾಕುವಾಗಲೆಲ್ಲ ಅವಳ ನಾಲಿಗೆ ಬಾಯೊಳಗೇ ಮಡಚಿಕೊಳ್ಳುತ್ತಿತ್ತು. ಅಡವಿಯಲ್ಲಿ ಒಬ್ಬಳೇ ಇದ್ದಾಗಲೂ ಹಾಕಿರಲಿಲ್ಲ.

ಮಗನ ಕೈಯಲ್ಲಿದ್ದ ಫೋನನ್ನು ನೋಡಿದಳು. ಸೊಸೆಯ ಮಡಿಲಲ್ಲಿ ಕಣ್ಣು ಪಿಳುಕಿಸುತ್ತಿದ್ದ ಮರಿಯನ್ನು ನೋಡಿದಳು. ಹಿಂಡೇ ಹೋದ ಮೇಲೆ ಮನೆ ಉದ್ಧಾರವಾಗಿ ಏನು ಮಾಡುವುದು?

"ಇದನ್ನ ಹಿಡಿ" ಎಂದು ಕೋಲನ್ನು ಮಗನ ಕೈಗೆ ಕೊಟ್ಟಳು. ತಲೆಯ ಮೇಲಿನ ಸೆರಗು ಸರಿಮಾಡಿಕೊಂಡಳು. ಎರಡು ಬೆರಳು ನಾಲಿಗೆಯ ಕೆಳಗಿಟ್ಟು ಊದಿದಳು.

ಎರಡು ಮೋಟು, ಒಂದು ಉದ್ದ.

ಹಾರ್ನುಗಳು ನಿಂತವು. ಪೊಲೀಸು ತನ್ನ ಸೀಟಿಯನ್ನು ಬಾಯಿಂದ ತೆಗೆದ. ಫಂಕ್ಷನ್ ಹಾಲಿನ ಮೆಟ್ಟಿಲ ಮೇಲೆ ಹೂವು ಕಟ್ಟುತ್ತಿದ್ದವರು ತಿರುಗಿ ನೋಡಿದರು. ಕೆಂಚಿಯ ಗಂಟೆ ಒಮ್ಮೆ ಸದ್ದು ಮಾಡಿತು, ಆಮೇಲೆ ಇಡೀ ಹಿಂಡು ಒಂದೇ ಮೈಯಾಗಿ ಔರಾದ ರಸ್ತೆಗೆ ತಿರುಗಿತು. ಮುನ್ನಿಬೀ ಖಾಲಿ ಬಕೀಟು ಬಡಿದು, "ವಾಹ್ ರೇ ಸಖು! ಶಾಬ್ಬಾಸ್!" ಎಂದಳು.

"ಯಾರೋ ಈ ಹೆಣ್ಣಮಗಳು? ಏನ್ ಸಿಳ್ಳಿ ಮಾರಾಯ!" ಎಂದು ಆಟೊದವನೊಬ್ಬ ಕೇಳಿದ.

"ನಮ್ಮವ್ವ" ಎಂದ ದಿಲೀಪ. ಸಣ್ಣಗೆ ಹೇಳಿದ್ದು ಕೇಳಿಸಿತೋ ಇಲ್ಲವೋ ಎಂದು ಇನ್ನೊಮ್ಮೆ ಗಟ್ಟಿಯಾಗಿ ಹೇಳಿದ: "ನಮ್ಮವ್ವಲೇ! ಕುರಿನೂ ನಮ್ಮವೇ!" ಅವನ ಎದೆ ಉಬ್ಬಿತ್ತು. ಆಟೊವನ್ನು ಅಲ್ಲೇ ಬಿಟ್ಟು, ಕೋಲು ಹಿಡಿದು, ಹಿಂಡಿನ ಬಲಬದಿಗೆ ಗಾಡಿಗಳನ್ನು ತಡೆಯುತ್ತ ಊರ ಹೊರಗಿನ ಕೊನೆಯ ಕಾಲೋನಿಯವರೆಗೂ ನಡೆದ. ಅಲ್ಲಿ ಸಖುಬಾಯಿ ಕೋಲು ತಿರುಗಿ ಇಸಿದುಕೊಂಡಳು.

"ಅಪ್ಪಗ ಫೋನ್ ಮಾಡಿ ಹೇಳ್ತೇನಿ" ಎಂದ ದಿಲೀಪ.

"ಬ್ಯಾಡ. ನಾನೇ ಹೇಳ್ತೇನಿ."

ಮೂರನೆಯ ದಿನ ಸಂಜೆ ಸಂತಪುರದಲ್ಲಿ ಬಕ್ಕಪ್ಪ ಅಂಗಳದ ಮಂಚದ ಮೇಲೆ ಕೂತಿದ್ದ. ಎದುರಿಗೆ ಸಂಜುಕುಮಾರ. ಲಾರಿಗೆ ಕರೆ ಬರಲಿಲ್ಲವಲ್ಲ, ಏನಾಯಿತೆಂದು ವಿಚಾರಿಸಲು ಬಂದಿದ್ದ. ಬಕ್ಕಪ್ಪನಿಗೂ ಏನೂ ಗೊತ್ತಿರಲಿಲ್ಲ. ಫೋನು ಮಾಡಿದರೆ ಸೊಸೆ "ಬರ್ಲತ್ತೇವ್ರಿ ಮಾವ" ಎಂದಷ್ಟೇ ಹೇಳಿ ಇಟ್ಟುಬಿಡುತ್ತಿದ್ದಳು. ಚಹಾ ಬಂತು. ಸಂಜುಕುಮಾರ ಬಸಿಗೆ ಸುರುವಿಕೊಂಡ.

ಆಗ ಊರ ಹೊರಗಿನ ದಿನ್ನೆಯ ಕಡೆಯಿಂದ ಸಿಳ್ಳು ಬಂತು. ಎರಡು ಮೋಟು, ಒಂದು ಉದ್ದ.

ಬಕ್ಕಪ್ಪನ ಬೆರಳು ತಾವಾಗಿಯೇ ತುಟಿಯವರೆಗೆ ಹೋದವು. ಅವನದೇ ಸಿಳ್ಳು, ಆದರೆ ಅವನು ಊದಿರಲಿಲ್ಲ. ಕೆಂಚಿಯ ಗಂಟೆ ಕೇಳಿಸಿತು. ಧೂಳಿನೊಳಗೆ ಮೊದಲು ಕೆಂಚಿ, ಹಿಂದೆ ಹಿಂಡು, ಅದರ ಪಕ್ಕಕ್ಕೆ ಸೆರಗು ಹೊದ್ದ ಹೆಂಗಸೊಬ್ಬಳು ಕಂಡಳು. ಅವಳ ಕೈ ಬಾಯಿಯ ಹತ್ತಿರವೇ ಇತ್ತು.

"ಯಾರ್ರೀ ಅದು, ಹೆಣ್ಣಮಗಳು ಸಿಳ್ಳಿ ಹಾಕ್ಲತಾಳ?" ಎಂದ ಸಂಜುಕುಮಾರ.

ಬಕ್ಕಪ್ಪ ಕೋಲು ಊರಿ ಎದ್ದ. ಅವನ ಕಣ್ಣು ತುಂಬಿದ್ದವು, ಒರೆಸಿಕೊಳ್ಳಲಿಲ್ಲ. "ಚಹಾ ಕುಡದು ಹೋಗ್ರಿ, ಸಂಜುಕುಮಾರ" ಎಂದ. ಕುಂಟುತ್ತ ಹೋಗಿ ಕುರಿಹಟ್ಟಿಯ ತಡಿಕೆಯನ್ನು ಪೂರ್ತಿ ಸರಿಸಿ, ದಾರಿ ಬಿಟ್ಟು ಪಕ್ಕಕ್ಕೆ ನಿಂತುಕೊಂಡ.